ಬ್ಲೂಬೆಲ್ ಕಾಡಿಗೆ ಹೋಗುವ ಮುನ್ನ

ಏಪ್ರಿಲ್ ಕೊನೆ ಬಂತೆಂದರೆ ಇಂಗ್ಲೆಂಡಿನಲ್ಲಿರುವ ಕನ್ನಡಿಗರ ವಾಟ್ಸಾಪ್ ಗುಂಪುಗಳಲ್ಲಿ ಒಂದೇ ಬಗೆಯ ಫೋಟೋ ಓಡಾಡುತ್ತದೆ. ಎತ್ತರದ ಮರಗಳು, ಎಳೆ ಹಸಿರು ಚಿಗುರು, ಕೆಳಗೆ ನೆಲವೇ ಕಾಣದ ಹಾಗೆ ಬ್ಲೂಬೆಲ್ ಹೂಗಳ ನೀಲಿ. ಪೂರ್ತಿ ನೀಲಿಯೂ ಅಲ್ಲ, ಬದನೆ ಹೂವಿನ ಬಣ್ಣ ಸ್ವಲ್ಪ ಬೆರೆತ ನೀಲಿ. ಹಿಂದೆಯೇ ಪ್ರಶ್ನೆಗಳು ಬರುತ್ತವೆ. ಇದು ಎಲ್ಲಿ? ಟಿಕೆಟ್ ಇದೆಯಾ? ಕಾಡೊಳಗೆ ಹೋಗೋಕೆ ಪರ್ಮಿಷನ್ ಬೇಕಾ? ಮಗುವನ್ನು ಹೂವಿನ ಮಧ್ಯೆ ಕೂರಿಸಿ ಫೋಟೋ ತೆಗೆಯಬಹುದಾ? ಓದಲು, ಕೆಲಸಕ್ಕೆ ಅಂತ ಹೊಸದಾಗಿ ಬಂದವರು, ಮಕ್ಕಳ ಮನೆಗೆ ಕೆಲವು ತಿಂಗಳ ಮಟ್ಟಿಗೆ ಬಂದ ಅಪ್ಪ ಅಮ್ಮಂದಿರು, ಎಲ್ಲರೂ ಕೇಳುವುದು ಇದನ್ನೇ.

ಒಂದೊಂದು ಸಾಲಿನಲ್ಲಿ ಉತ್ತರ ಹೇಳಿಬಿಡಬಹುದು. ಆದರೆ ಈ ಹೂವು ಈ ಕಾಡಿನಲ್ಲಿ ಯಾಕಿದೆ, ಅರ್ಧ ಮೈಲಿ ಆಚೆಯ ಕಾಡಿನಲ್ಲಿ ಯಾಕಿಲ್ಲ ಅನ್ನುವುದು ತಿಳಿದರೆ ಮಿಕ್ಕಿದ್ದೆಲ್ಲ ತಾನಾಗಿಯೇ ಹೊಳೆಯುತ್ತದೆ. ಅಲ್ಲಿಂದಲೇ ಶುರು ಮಾಡೋಣ.

## ಮೊದಲು ಹೂವನ್ನೇ ನೋಡೋಣ

ಬ್ಲೂಬೆಲ್ ಗಡ್ಡೆಯಿಂದ ಏಳುವ ಸಣ್ಣ ಗಿಡ. ನಮ್ಮ ಸುಗಂಧರಾಜವೂ ಇದೂ ಒಂದೇ ಸಸ್ಯ ಕುಟುಂಬ. ಎತ್ತರ ಮೊಣಕಾಲಿಗಿಂತ ಕೆಳಗೆ. ಬುಡದಲ್ಲಿ ಹುಲ್ಲಿನಂಥ ಕಿರಿದಾದ ಎಲೆಗಳು, ನಡುವೆ ಒಂದು ದಂಟು.

ದಾರಿಯ ಅಂಚಿನಲ್ಲಿ ಬೆಳೆದ ಒಂದು ಗಿಡದ ಮುಂದೆ ಕುಕ್ಕರಗಾಲಲ್ಲಿ ಕೂತು ನೋಡಿ. ದಂಟಿನ ತುದಿ ಒಂದು ಕಡೆಗೆ ಬಾಗಿರುತ್ತದೆ. ಹೂಗಳೆಲ್ಲ ಆ ಒಂದೇ ಬದಿಗೆ ಜೋತುಬಿದ್ದಿರುತ್ತವೆ. ಒಂದೊಂದೂ ಉದ್ದನೆಯ ಗಂಟೆ. ಆರು ಎಸಳು, ಪ್ರತಿಯೊಂದರ ತುದಿ ಹೊರಕ್ಕೆ ಸುರುಳಿಯಾಗಿ ಮಡಿಚಿಕೊಂಡಿರುತ್ತದೆ. ಒಳಗೆ ಇಣುಕಿದರೆ ಪರಾಗ ಕೆನೆ ಬಣ್ಣ. ಮೂಗು ಹತ್ತಿರ ತಂದರೆ ತೆಳುವಾದ ಸಿಹಿ ಪರಿಮಳ. ಒಂದು ಹೂವಿನಿಂದ ಇಷ್ಟೇ ಇಷ್ಟು ಬರುತ್ತದೆ. ಸಾವಿರಾರು ಸೇರಿದಾಗ ಬಿಸಿಲು ಬಿದ್ದ ಮಧ್ಯಾಹ್ನ ಕಾಡೆಲ್ಲ ಅದೇ ವಾಸನೆ.

ಊರೊಳಗಿನ ತೋಟ, ಪಾರ್ಕುಗಳಲ್ಲಿ ಕಾಣುವುದು ಹೆಚ್ಚಾಗಿ ಇದರ ಸ್ಪೇನ್ ದೇಶದ ದಾಯಾದಿ, ಇಲ್ಲವೇ ಎರಡರ ಬೆರಕೆ. ಸ್ಪ್ಯಾನಿಷ್ ಬ್ಲೂಬೆಲ್ ದಂಟು ನೆಟ್ಟಗೆ ನಿಲ್ಲುತ್ತದೆ, ಹೂ ಸುತ್ತಲೂ ಇರುತ್ತದೆ, ಎಲೆ ಅಗಲ, ಪರಾಗ ನೀಲಿ, ಪರಿಮಳ ಇಲ್ಲವೆನ್ನುವಷ್ಟು ಕಡಿಮೆ. ತೋಟಕ್ಕೆಂದು ತಂದದ್ದು ಬೇಲಿ ದಾಟಿ ಹೊರಬಿದ್ದು ಕಾಡಿನ ಗಿಡದ ಜೊತೆ ಬೆರೆಯುತ್ತಿದೆ. ಹಾಗಾಗಿಯೇ ಅಲ್ಲಿನವರು ತೋಟದ ಗಡ್ಡೆಗಳನ್ನು ಕಾಡಿನ ಹತ್ತಿರ ಎಸೆಯಬೇಡಿ ಅಂತ ಪದೇ ಪದೇ ಹೇಳುತ್ತಾರೆ.

ಪಶ್ಚಿಮ ಯೂರೋಪಿನ ಇತರ ದೇಶಗಳಲ್ಲೂ ಕಾಡಿನ ಬ್ಲೂಬೆಲ್ ಇದೆ. ಆದರೆ ಇಡೀ ಜಗತ್ತಿನಲ್ಲಿ ಇರುವುದರಲ್ಲಿ ಹತ್ತಿರ ಹತ್ತಿರ ಅರ್ಧ ಬ್ರಿಟನ್ನಿನಲ್ಲೇ ಇದೆ. ಅಟ್ಲಾಂಟಿಕ್ ಸಮುದ್ರದ ಕಡೆಯಿಂದ ಬರುವ ತೇವ, ಅತಿಯಾದ ಚಳಿಯೂ ಅತಿಯಾದ ಬಿಸಿಲೂ ಇಲ್ಲದ ಹವೆ ಇದಕ್ಕೆ ಒಗ್ಗುತ್ತದೆ.

## ಚಾವಣಿ ಮುಚ್ಚುವ ಮೊದಲು

ನಮ್ಮ ಮಲೆನಾಡಿನ ನಿತ್ಯಹರಿದ್ವರ್ಣ ಕಾಡಿನಲ್ಲಿ ವರ್ಷವಿಡೀ ನೆರಳು. ಬ್ರಿಟನ್ನಿನ ಓಕ್, ಆಶ್, ಬೀಚ್, ಹೇಜಲ್ ಮರಗಳು ಹಾಗಲ್ಲ. ಚಳಿಗಾಲದಲ್ಲಿ ಪೂರ್ತಿ ಬೋಳು. ಏಪ್ರಿಲ್ ಹೊತ್ತಿಗೆ ಚಿಗುರಲು ಶುರುವಾಗಿ ಮೇ ಕೊನೆಯೊಳಗೆ ಎಲೆಯ ಚಾವಣಿ ಮುಚ್ಚಿಕೊಳ್ಳುತ್ತದೆ. ಆಮೇಲೆ ನೆಲಕ್ಕೆ ಬೀಳುವ ಬಿಸಿಲು ತೀರಾ ಕಡಿಮೆ.

ನೆಲದ ಗಿಡಗಳಿಗೆ ಸಿಗುವುದು ಈ ಮಧ್ಯದ ಕಿಂಡಿ. ಬಿಸಿಲಿಗೆ ಸ್ವಲ್ಪ ಕಾವು ಬಂದಿದೆ, ಮರ ಇನ್ನೂ ಎಲೆ ಬಿಟ್ಟಿಲ್ಲ, ಅಷ್ಟು ದಿನ. ಬ್ಲೂಬೆಲ್ ಹೋದ ವರ್ಷ ಗಡ್ಡೆಯಲ್ಲಿ ಕೂಡಿಟ್ಟ ಆಹಾರವನ್ನು ಖರ್ಚು ಮಾಡಿ ಜನವರಿ, ಫೆಬ್ರವರಿಯಲ್ಲೇ ಎಲೆ ಹೊರಗೆ ಹಾಕುತ್ತದೆ. ಚಾವಣಿ ಮುಚ್ಚುವ ಮೊದಲು ಇಡೀ ವರ್ಷದ ಅನ್ನ ಬೇಯಿಸಿ ಮತ್ತೆ ಗಡ್ಡೆಗೆ ತುಂಬಬೇಕು. ಮಳೆ ಹಿಡಿಯುವ ಮೊದಲು ಹಪ್ಪಳ, ಸಂಡಿಗೆ, ಕಟ್ಟಿಗೆ ಎಲ್ಲ ಒಳಗೆ ಮಾಡಿಕೊಳ್ಳುವ ಮಲೆನಾಡಿನ ಮನೆಯ ಲೆಕ್ಕವೇ ಇದು. ಎಲೆಗೆ ಸಿಗುವುದು ಈ ಕೆಲವು ತಿಂಗಳು ಮಾತ್ರ ಅನ್ನುವುದನ್ನು ನೆನಪಿಡಿ, ಮುಂದೆ ಬೇಕಾಗುತ್ತದೆ.

ಈ ಕಿಂಡಿಯಲ್ಲಿ ಬ್ಲೂಬೆಲ್ ಒಂದೇ ಇಲ್ಲ. ಮೊದಲು ಲೆಸ್ಸರ್ ಸೆಲಾಂಡೈನ್ ಎಂಬ ಹೊಳೆಯುವ ಹಳದಿ ಹೂವು ಬರುತ್ತದೆ. ಆಮೇಲೆ ಪ್ರಿಮ್‌ರೋಸ್, ವುಡ್ ಅನೆಮೊನಿ. ವುಡ್ ಅನೆಮೊನಿಯದು ಬಿಳಿ ಹೂ, ಮೋಡ ಕವಿದರೆ ಮುದುಡಿಕೊಳ್ಳುತ್ತದೆ, ಬಿಸಿಲು ಬಂದರೆ ಅರಳುತ್ತದೆ. ಏಪ್ರಿಲ್ ನಡುವಿನಿಂದ ಮೇ ನಡುವಿನವರೆಗೆ ಬ್ಲೂಬೆಲ್, ಅದರ ಜೊತೆಗೇ ವೈಲ್ಡ್ ಗಾರ್ಲಿಕ್ ಎಂಬ ಕಾಡು ಬೆಳ್ಳುಳ್ಳಿ. ಸ್ಕಾಟ್ಲೆಂಡಿನಲ್ಲಿ ಎಲ್ಲವೂ ಸ್ವಲ್ಪ ತಡ.

## ಹಳೆಯ ಕಾಡು, ಹಳೆಯ ಹೆಪ್ಪು

ಬ್ರಿಟನ್ನಿನಲ್ಲಿ ಏನ್ಶಿಯಂಟ್ ವುಡ್‌ಲ್ಯಾಂಡ್ ಅನ್ನುವ ಮಾತು ಬೋರ್ಡುಗಳಲ್ಲಿ, ಸುದ್ದಿಯಲ್ಲಿ ಮತ್ತೆ ಮತ್ತೆ ಬರುತ್ತದೆ. ಪುರಾತನ ಕಾಡು ಅಂತ ಸುಮ್ನೆ ಹೊಗಳಿಕೆಗೆ ಹೇಳಿದ್ದಲ್ಲ. ಅದಕ್ಕೊಂದು ಖಚಿತ ಅರ್ಥವಿದೆ. ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ 1600ರಿಂದ, ಸ್ಕಾಟ್ಲೆಂಡಿನಲ್ಲಿ 1750ರಿಂದ ಬಿಡುವಿಲ್ಲದೆ ಕಾಡಾಗಿಯೇ ಉಳಿದುಬಂದ ಜಾಗ ಎಂದರ್ಥ. ಆ ಇಸವಿಗಳೇ ಯಾಕೆ? ಅದಕ್ಕೂ ಮೊದಲು ಮರ ನೆಟ್ಟು ಕಾಡು ಬೆಳೆಸುವ ರೂಢಿ ಹೆಚ್ಚಾಗಿ ಇರಲಿಲ್ಲ. ಆ ಕಾಲದ ಸುಮಾರಿಗೆ ನಂಬಬಹುದಾದ ನಕ್ಷೆಗಳೂ ಸಿಗತೊಡಗುತ್ತವೆ. ಆ ಹೊತ್ತಿಗಾಗಲೇ ಇದ್ದ ಕಾಡು ಅದಕ್ಕೂ ಬಹಳ ಹಿಂದಿನದೇ ಇರಬೇಕು ಅನ್ನುವ ತರ್ಕ.

ಇಲ್ಲಿ ಒಂದು ವಿಷಯ ಗೊಂದಲ ಮಾಡುತ್ತದೆ. ಪುರಾತನ ಕಾಡಿನಲ್ಲಿ ಮರಗಳು ಪುರಾತನ ಆಗಿರಬೇಕಿಲ್ಲ. 50 ವರ್ಷದ ಮರಗಳೇ ತುಂಬಿರಬಹುದು. ವಯಸ್ಸು ಲೆಕ್ಕ ಹಾಕುವುದು ಜಾಗದ್ದು, ಮಣ್ಣಿನದ್ದು. ಮನೆಯಲ್ಲಿ ಮೊಸರು ಹಾಕುವುದನ್ನು ನೆನೆಸಿಕೊಳ್ಳಿ. ಹಾಲು ದಿನಾ ಹೊಸದು. ಹೆಪ್ಪು ಮಾತ್ರ ನಿನ್ನೆಯದರಿಂದ, ಮೊನ್ನೆಯದರಿಂದ, ಅಜ್ಜಿಯ ಕಾಲದಿಂದ ಬಂದದ್ದು. ಕಾಡಿನಲ್ಲಿ ಮರ ಹಾಲಿದ್ದ ಹಾಗೆ. ಉಳುಮೆ ಕಾಣದ ಮಣ್ಣು, ಅದರೊಳಗಿನ ಶಿಲೀಂಧ್ರಗಳು, ಬೀಜ, ಗಡ್ಡೆ, ಹುಳಹುಪ್ಪಟೆ ಇವು ಹೆಪ್ಪು. ಒಮ್ಮೆ ಹೆಪ್ಪು ಕೆಟ್ಟರೆ ಎಷ್ಟು ಹಾಲು ಸುರಿದರೂ ಮೊಸರಾಗುವುದಿಲ್ಲ.

ಈ ಹೆಪ್ಪು ಇನ್ನೂ ಇದೆಯಾ ಅಂತ ತಿಳಿಯುವುದು ಹೇಗೆ? ಹೂವಿನಿಂದ. ಕೆಲವು ಕಾಡು ಹೂಗಳು ಹರಡುವುದು ಬಹಳ ನಿಧಾನ. ವುಡ್ ಅನೆಮೊನಿ ಬ್ರಿಟನ್ನಿನಲ್ಲಿ ಬೀಜದಿಂದ ಹುಟ್ಟುವುದು ಅಪರೂಪ. ಮಣ್ಣೊಳಗೆ ಬೇರಿನಂಥ ಕಾಂಡ ಚಾಚಿಕೊಂಡೇ ಮುಂದೆ ಹೋಗಬೇಕು. 100 ವರ್ಷಕ್ಕೆ ಸುಮಾರು 6 ಅಡಿ, ಅಷ್ಟೇ. ಒಬ್ಬ ಮನುಷ್ಯನ ಉದ್ದ ಹರಡಲು ಒಂದು ಶತಮಾನ. ಅಂಥ ಹೂವು ಕಾಡಿನ ತುಂಬ ಹಾಸಿಕೊಂಡಿದೆ ಎಂದರೆ ಆ ಕಾಡು ಎಷ್ಟು ಕಾಲದಿಂದ ಅಲ್ಲಿರಬೇಕು, ಯೋಚಿಸಿ. ಬ್ಲೂಬೆಲ್ ಬೀಜಕ್ಕೂ ಗಾಳಿಯಲ್ಲಿ ತೇಲುವ ರೆಕ್ಕೆ ಇಲ್ಲ, ತಾಯಿಯ ಬುಡದಲ್ಲೇ ಬೀಳುತ್ತದೆ. ಆ ಬೀಜ ಮೊಳೆತು ಗಡ್ಡೆ ಕಟ್ಟಿ ಮೊದಲ ಹೂ ಬಿಡಲು ಕನಿಷ್ಠ 5 ವರ್ಷ. ಇಂಥ ಗಿಡಗಳನ್ನು ಪುರಾತನ ಕಾಡಿನ ಸೂಚಕಗಳು ಅನ್ನುತ್ತಾರೆ. ಒಂದೇ ಒಂದು ಜಾತಿ ಕಂಡರೆ ಸಾಕ್ಷಿ ಆಗುವುದಿಲ್ಲ. ನಾಲ್ಕಾರು ಒಟ್ಟಿಗೆ ಸಿಕ್ಕರೆ ಹಳೆಯ ನಕ್ಷೆ, ದಾಖಲೆಗಳ ಜೊತೆ ತಾಳೆ ನೋಡುತ್ತಾರೆ. ಅರ್ಧ ಮೈಲಿ ಆಚೆಯ ಕಾಡು 60 ವರ್ಷದ ಹಿಂದೆ ನೆಟ್ಟದ್ದಾದರೆ ಅಲ್ಲಿ ಈ ಹೂವು ಇನ್ನೂ ತಲುಪಿಯೇ ಇರುವುದಿಲ್ಲ.

ಬ್ರಿಟನ್ನಿನಲ್ಲಿ ಕಾಡು ಇರುವುದು ಒಟ್ಟು ನೆಲದಲ್ಲಿ ನೂರಕ್ಕೆ ಸುಮಾರು 13 ಪಾಲು ಮಾತ್ರ. ಪುರಾತನ ಕಾಡಂತೂ ಒಟ್ಟು ನೆಲದಲ್ಲಿ ನೂರಕ್ಕೆ ಸುಮಾರು ಎರಡೂವರೆ ಅಷ್ಟೇ. ಎಚ್‌ಎಸ್2 ಹೈಸ್ಪೀಡ್ ರೈಲು ದಾರಿಗಾಗಿ ಇಂಥ ಕಾಡುಗಳ ತುಂಡುಗಳನ್ನು ಕಡಿದಾಗ, ಮಣ್ಣನ್ನೇ ಅಗೆದು ಬೇರೆ ಕಡೆಗೆ ಸಾಗಿಸಿ ಹರಡಿದರು. ಯಾಕೆ ಮಣ್ಣು ಸಾಗಿಸುತ್ತಾರೆ ಅಂತ ಕೇಳಿದವರಿಗೆ ಉತ್ತರ ಮೇಲಿನ ಹೆಪ್ಪು. ಹಾಗೆ ಸಾಗಿಸಿದ ಮಾತ್ರಕ್ಕೆ ಹಳೆಯ ಕಾಡು ಮರಳಿ ಬರುವುದಿಲ್ಲ ಅಂತ ಸಂರಕ್ಷಣಾ ಸಂಸ್ಥೆಗಳು ಹೇಳುತ್ತಲೇ ಬಂದಿವೆ. ಇಂಗ್ಲೆಂಡಿನ ಯೋಜನಾ ನೀತಿಯೇ ಪುರಾತನ ಕಾಡನ್ನು ಮರಳಿ ಕಟ್ಟಲಾಗದ ಆಸ್ತಿಗಳ ಸಾಲಿಗೆ ಸೇರಿಸಿದೆ.

## ಕೂಳೆ ಕಬ್ಬಿನ ಹಾಗೆ ಕೂಳೆ ಕಾಡು

ಇಷ್ಟು ಹಳೆಯದು ಅಂದಮೇಲೆ ಮನುಷ್ಯ ಮುಟ್ಟದ ಕಾಡು ಇರಬೇಕು ಅಂತ ಅನಿಸುತ್ತದೆ, ಅಲ್ವಾ? ನನಗೂ ಮೊದಲು ಹಾಗೇ ಅನಿಸಿತ್ತು. ನಿಜ ಬೇರೆ. ಇಂಗ್ಲೆಂಡಿನ ಚೆಂದದ ಬ್ಲೂಬೆಲ್ ಕಾಡುಗಳಲ್ಲಿ ಬಹಳಷ್ಟು ನೂರಾರು ವರ್ಷ ಕೊಡಲಿ ಕಂಡಂಥವು.

ಕಬ್ಬು ಕಡಿದ ಮೇಲೆ ಅದೇ ಬುಡದಿಂದ ಕೂಳೆ ಬರುತ್ತದಲ್ಲ, ಹೇಜಲ್, ಆಶ್ ಮುಂತಾದ ಮರಗಳೂ ಹಾಗೇ. ಬುಡದ ಹತ್ತಿರ ಕಡಿದರೆ ಸಾಯುವುದಿಲ್ಲ, ಹತ್ತಾರು ಹೊಸ ಕೋಲುಗಳಾಗಿ ಚಿಗುರುತ್ತವೆ. ಹೇಜಲ್ ಆದರೆ 7ರಿಂದ 15 ವರ್ಷಕ್ಕೊಮ್ಮೆ ಮತ್ತೆ ಕಡಿಯಬಹುದು. ಇದನ್ನು ಕಾಪಿಸಿಂಗ್ ಅನ್ನುತ್ತಾರೆ. ಆ ಕೋಲುಗಳಿಂದ ಬೇಲಿಯ ತಟ್ಟಿ, ಮಣ್ಣು ಮೆತ್ತುವ ಗೋಡೆಯ ಹಂದರ, ಹುಲ್ಲು ಚಾವಣಿಗೆ ಸಿಕ್ಕಿಸುವ ಕಡ್ಡಿ, ಇದ್ದಿಲು, ಉರುವಲು ಎಲ್ಲ ಆಗುತ್ತಿತ್ತು. ಕಾಡನ್ನು ಪಾಲುಗಳಾಗಿ ಮಾಡಿ ವರ್ಷಕ್ಕೊಂದು ಪಾಲು ಕಡಿಯುತ್ತಿದ್ದರು. ಸರದಿ ಮುಗಿದು ಮೊದಲನೆಯದಕ್ಕೆ ಬರುವ ಹೊತ್ತಿಗೆ ಅಲ್ಲಿ ಮತ್ತೆ ಕೋಲು ಸಿದ್ಧ.

ಕಡಿದ ಪಾಲಿನಲ್ಲಿ ನೆಲಕ್ಕೆ ಒಮ್ಮೆಲೇ ಬಿಸಿಲು ಬೀಳುತ್ತದೆ. ಮುಂದಿನ ಎರಡು ಮೂರು ವಸಂತಗಳಲ್ಲಿ ಹೂವಿಗೆ ಹಬ್ಬ. ಪ್ರಿಮ್‌ರೋಸ್, ನೇರಳೆ ಬಣ್ಣದ ವಯೊಲೆಟ್, ಬ್ಲೂಬೆಲ್ ಎಲ್ಲ ಮೈದುಂಬುತ್ತವೆ, ಚಿಟ್ಟೆಗಳು ಬರುತ್ತವೆ. ಕೋಲು ಬೆಳೆದು ನೆರಳಾದಾಗ ಹೂ ಹಿಂದೆ ಸರಿಯುತ್ತದೆ. ಅಷ್ಟರಲ್ಲಿ ಪಕ್ಕದ ಪಾಲಿಗೆ ಬಿಸಿಲು.

ಸಫೋಕ್‌ನ ಬ್ರಾಡ್‌ಫೀಲ್ಡ್ ವುಡ್ಸ್‌ನಲ್ಲಿ ಈ ಕೆಲಸ 1252ರಿಂದ ನಡೆದುಬಂದಿದೆ. ಹೊಯ್ಸಳರ ಕಾಲದಿಂದ ಇವತ್ತಿನವರೆಗೆ ಅಂತಿಟ್ಟುಕೊಳ್ಳಿ. ಪದೇ ಪದೇ ಕಡಿಸಿಕೊಂಡ ಹಳೆಯ ಬುಡ ನೋಡಲು ವಿಚಿತ್ರ. ನಡುವೆ ಕೊಳೆತು ಟೊಳ್ಳಾಗಿ, ಪಾಚಿ ಹಿಡಿದು, ಬಾವಿಯ ಕಟ್ಟೆಯ ಹಾಗೆ ಉಂಗುರವಾಗಿ ಉಳಿದಿರುತ್ತದೆ. ಆ ಉಂಗುರದ ಸುತ್ತ ಹೆಬ್ಬೆರಳು ಗಾತ್ರದ ಹೊಸ ಕೋಲುಗಳು ನೆಟ್ಟಗೆ ಎದ್ದಿರುತ್ತವೆ. ಕೋಲಿನ ವಯಸ್ಸು ಐದಾರು ವರ್ಷ, ಬುಡದ್ದು ಹಲವು ನೂರು.

ಕಲ್ಲಿದ್ದಲು, ಕಾರ್ಖಾನೆ ಸಾಮಾನು ಬಂದ ಮೇಲೆ ಕೋಲಿಗೆ ಗಿರಾಕಿ ಇಲ್ಲದಾಗಿ ಬಹಳ ಕಡೆ ಈ ಕೆಲಸ ನಿಂತಿತು. ಕಾಡು ದಟ್ಟವಾಗಿ ಕತ್ತಲಾಯಿತು, ಹೂ ಕಡಿಮೆಯಾಯಿತು. ಈಗ ಸಂಸ್ಥೆಗಳು, ಸ್ವಯಂಸೇವಕರು ಚಳಿಗಾಲದಲ್ಲಿ ಮತ್ತೆ ಕಡಿಯುತ್ತಿದ್ದಾರೆ. ಕಾಡಿನಲ್ಲಿ ಮರ ಕಡಿದು ಪೇರಿಸಿದ್ದು ಕಂಡರೆ ಗಾಬರಿ ಬೇಡ, ಅದು ಹೂವಿಗಾಗಿಯೇ ಇರಬಹುದು. ಚಿಗುರನ್ನು ಜಿಂಕೆ ಮೇಯದಂತೆ ಸುತ್ತ ಬೇಲಿಯೂ ಇರುತ್ತದೆ.

## ಫುಟ್‌ಪಾತ್ ಅಂದರೆ ನಮ್ಮ ಫುಟ್‌ಪಾತ್ ಅಲ್ಲ

ಈಗ ಪರ್ಮಿಷನ್ ವಿಷಯ. ನಮ್ಮಲ್ಲಿ ಕುದುರೆಮುಖದಂಥ ಕಡೆ ಚಾರಣಕ್ಕೆ ಅರಣ್ಯ ಇಲಾಖೆಯ ಅನುಮತಿ ಬೇಕು. ಇಂಗ್ಲೆಂಡಿನಲ್ಲಿ ಕಾಡು, ಹೊಲ ಬಹುಪಾಲು ಖಾಸಗಿಯವರದು. ಆದರೂ ಅವುಗಳ ನಡುವೆ ಸಾರ್ವಜನಿಕರು ನಡೆಯುವ ಹಕ್ಕಿನ ದಾರಿಗಳಿವೆ. ಇಂಗ್ಲೆಂಡ್, ವೇಲ್ಸ್ ಸೇರಿ ಸುಮಾರು 2,25,000 ಕಿಲೋಮೀಟರ್. ನೆಲ ಮಾಲೀಕರದು, ನಡೆಯುವ ಹಕ್ಕು ಎಲ್ಲರದು. ಬೇರೆಯವರ ಗದ್ದೆಯ ಅಂಚಿನಲ್ಲಿ ಊರವರೆಲ್ಲ ಓಡಾಡುವ ಕಾಲುದಾರಿ ಇರುತ್ತದಲ್ಲ, ಅದಕ್ಕೆ ಕಾನೂನಿನ ಮೊಹರು ಬಿದ್ದ ಹಾಗೆ.

ಈ ಕಾಲುದಾರಿಗೆ ಅಲ್ಲಿ ಫುಟ್‌ಪಾತ್ ಅನ್ನುತ್ತಾರೆ. ನಾವು ಫುಟ್‌ಪಾತ್ ಅನ್ನುವ ರಸ್ತೆ ಬದಿಯದು ಅವರಿಗೆ ಪೇವ್‌ಮೆಂಟ್. ಕಂಬದ ಮೇಲೆ ಹಳದಿ ಬಾಣ ಇದ್ದರೆ ನಡೆಯುವವರಿಗೆ ಮಾತ್ರ. ನೀಲಿ ಬಾಣ ಇದ್ದರೆ ಸೈಕಲ್, ಕುದುರೆಗೂ ಅವಕಾಶ. ಅಲ್ಲಿನ ಸರ್ಕಾರಿ ನಕ್ಷೆ ಸಂಸ್ಥೆಯಾದ ಆರ್ಡ್‌ನೆನ್ಸ್ ಸರ್ವೆಯ 1:25,000 ಅಳತೆಯ ನಕ್ಷೆಯಲ್ಲಿ ಈ ದಾರಿಗಳು ಹಸಿರು ಗೀಟುಗಳಾಗಿ ಕಾಣುತ್ತವೆ. ಬೇಲಿ ಅಡ್ಡ ಬಂದರೆ ದನ ದಾಟದ, ಮನುಷ್ಯ ದಾಟಬಹುದಾದ ಮೆಟ್ಟಿಲು ಇರುತ್ತದೆ. ಮಲೆನಾಡಿನವರು, ಕರಾವಳಿಯವರು ತಡಮೆ ಅಂದುಕೊಂಡರೆ ಸರಿ. ಗೇಟು ಇದ್ದರೆ ತೆರೆದಿದ್ದನ್ನು ತೆರೆದೇ, ಮುಚ್ಚಿದ್ದನ್ನು ಮುಚ್ಚಿಯೇ ಹೋಗಬೇಕು. ರೈತ ದನಕರುಗಳ ಲೆಕ್ಕದಲ್ಲಿ ಹಾಗಿಟ್ಟಿರುತ್ತಾನೆ.

ದಾರಿ ಬಿಟ್ಟು ಪಕ್ಕಕ್ಕೆ ಹೋದರೆ ಸಾಮಾನ್ಯವಾಗಿ ಪೊಲೀಸ್ ಕೇಸಿನ ವಿಷಯವಲ್ಲ. ಆದರೆ ಮಾಲೀಕರು ಹೊರಗೆ ಹೋಗಿ ಅನ್ನಬಹುದು. ಬೆಟ್ಟ, ಮೂರ್ ಎಂಬ ಬಯಲು, ಹೀತ್ ಎಂಬ ಕುರುಚಲು ನೆಲ, ನಮ್ಮ ಗೋಮಾಳದಂಥ ಕಾಮನ್ ಜಾಗಗಳಲ್ಲಿ ಮಾತ್ರ 2000ದ ಕಾಯ್ದೆಯಂತೆ ದಾರಿ ಬಿಟ್ಟೂ ಅಡ್ಡಾಡಬಹುದು. ಸ್ಕಾಟ್ಲೆಂಡಿನಲ್ಲಿ 2003ರ ಕಾಯ್ದೆ ಇನ್ನೂ ಉದಾರ. ಜವಾಬ್ದಾರಿಯಿಂದ ನಡೆದುಕೊಂಡರೆ ಬಹುತೇಕ ಎಲ್ಲ ಕಡೆ ಓಡಾಡಬಹುದು.

ಈ ಹಕ್ಕುಗಳು ಸುಮ್ನೆ ಸಿಗಲಿಲ್ಲ. 1932ರ ಏಪ್ರಿಲ್ 24ರಂದು ಮ್ಯಾಂಚೆಸ್ಟರ್ ಸುತ್ತಲಿನ ನೂರಾರು ಕಾರ್ಮಿಕ ಯುವಕರು ಕಿಂಡರ್ ಸ್ಕೌಟ್ ಬೆಟ್ಟಕ್ಕೆ ಬೇಕೆಂದೇ ಹತ್ತಿದರು. ಅದು ಶ್ರೀಮಂತರು ಹಕ್ಕಿ ಬೇಟೆಗೆ ಕಾಯ್ದಿಟ್ಟ ಜಾಗ. ವಾರವಿಡೀ ಹೊಗೆಯಲ್ಲಿ ದುಡಿದವರಿಗೆ ಭಾನುವಾರ ಕಣ್ಣೆದುರಿನ ಬೆಟ್ಟ ನಿಷಿದ್ಧವಾಗಿತ್ತು. ಮುಂದಾಳು ಬೆನ್ನಿ ರಾತ್‌ಮನ್‌ಗೆ ಆಗ 20 ವರ್ಷ. ಅವನೂ ಸೇರಿ ಐವರಿಗೆ ಜೈಲಾಯಿತು. 1949ರಲ್ಲಿ ರಾಷ್ಟ್ರೀಯ ಉದ್ಯಾನಗಳ ಕಾಯ್ದೆ ಬಂತು. ಅದರಡಿ 1951ರಲ್ಲಿ ಆದ ಮೊದಲ ಉದ್ಯಾನ, ಅದೇ ಕಿಂಡರ್ ಸ್ಕೌಟ್ ಇರುವ ಪೀಕ್ ಡಿಸ್ಟ್ರಿಕ್ಟ್.

## ಫೋಟೋ, ಚಟ್ನಿ, ಉಣುಗು

ಇನ್ನು ಮಗುವನ್ನು ಹೂವಿನ ಮಧ್ಯೆ ಕೂರಿಸುವ ಆ ಫೋಟೋ ಪ್ರಶ್ನೆ. ಬೇಡ. ಕಾರಣ ಮೇಲೆ ಹೇಳಿದ ಎಲೆ. ಬ್ಲೂಬೆಲ್‌ನಲ್ಲಿ ಹೂ ಕಿತ್ತರೆ ಆಗುವುದಕ್ಕಿಂತ ಎಲೆ ತುಳಿದರೆ ಆಗುವ ನಷ್ಟ ಜಾಸ್ತಿ. ಎಲೆ ಜಜ್ಜಿ ಹೋದರೆ ಗಡ್ಡೆಗೆ ಆ ವರ್ಷದ ಆಹಾರ ಇಲ್ಲ, ಬೇರೆ ಎಲೆ ಬರಲು ಸಮಯವೂ ಇಲ್ಲ. ಒಬ್ಬರು ಕಾಲಿಟ್ಟ ಜಾಗ ಮುಂದಿನವರಿಗೆ ದಾರಿಯಂತೆ ಕಾಣುತ್ತದೆ. ಸಂಜೆಗೆ ನೀಲಿಯ ನಡುವೆ ಕಂದು ಪಟ್ಟಿ. ಅದು ಮತ್ತೆ ತುಂಬಲು ವರ್ಷಗಳು ಬೇಕು. ದಾರಿಯ ಮೇಲೇ ನಿಂತು ಕ್ಯಾಮೆರಾವನ್ನು ಹೂವಿನ ಮಟ್ಟಕ್ಕೆ ಇಳಿಸಿ. ಮುಂದಿನ ಹೂಗಳು ಹಿಂದಿನ ದಾರಿಯನ್ನು ಮರೆಮಾಡುತ್ತವೆ, ಮಗು ಹೂವಿನ ನಡುವೆ ನಿಂತ ಹಾಗೆಯೇ ಬರುತ್ತದೆ.

ಮಾಲೀಕರ ಒಪ್ಪಿಗೆ ಇಲ್ಲದೆ ಯಾವುದೇ ಕಾಡು ಗಿಡವನ್ನು ಬೇರು ಸಮೇತ ಕೀಳುವುದು 1981ರ ವನ್ಯಜೀವಿ ಕಾಯ್ದೆಯ ಪ್ರಕಾರ ಅಪರಾಧ. ಕಾಡಿನ ಬ್ಲೂಬೆಲ್ ಗಡ್ಡೆ ಮಾರುವುದನ್ನು 1998ರಲ್ಲಿ ನಿಷೇಧಿಸಿದರು. ಗಿಡದಲ್ಲಿ ವಿಷವೂ ಇದೆ, ಮಕ್ಕಳು ಬಾಯಿಗೆ ಹಾಕದಂತೆ ನೋಡಿಕೊಳ್ಳಿ.

ವೈಲ್ಡ್ ಗಾರ್ಲಿಕ್ ಬೇರೆ ಕಥೆ. ಕಾಡಿಗೆ ಕಾಲಿಡುತ್ತಲೇ ಒಗ್ಗರಣೆಯ ವಾಸನೆ. ಇದರ ಎಲೆಯನ್ನು ಚಟ್ನಿಗೆ, ತಂಬುಳಿಗೆ ಬಳಸುವ ನಮ್ಮವರಿದ್ದಾರೆ. ಮಾರಾಟಕ್ಕಲ್ಲದೆ ಮನೆಗೆ ನಾಲ್ಕು ಎಲೆ ಕಿತ್ತರೆ ಕಳ್ಳತನ ಆಗುವುದಿಲ್ಲ, ಆದರೂ ಆಯಾ ಜಾಗದ ನಿಯಮ ನೋಡಬೇಕು. ಅಪಾಯ ಇರುವುದು ಬೇರೆ ಕಡೆ. ಇದರ ಮಧ್ಯೆಯೇ ಲಾರ್ಡ್ಸ್ ಅಂಡ್ ಲೇಡೀಸ್ ಎಂಬ ಗಿಡ ಬೆಳೆಯುತ್ತದೆ. ಅದು ನಮ್ಮ ಕೆಸುವಿನ ಕುಟುಂಬದ್ದು. ಬಲಿತ ಎಲೆ ಕೆಸುವಿನಂತೆ ಬಾಣದ ಆಕಾರ, ಎಳೆಯದು ಮಾತ್ರ ಮೋಸ ಮಾಡುತ್ತದೆ. ತಿಂದರೆ ಬಾಯಿ, ಗಂಟಲು ಉರಿದು ಊದಿಕೊಳ್ಳುತ್ತದೆ. ಲಿಲಿ ಆಫ್ ದ ವ್ಯಾಲಿ ಎಲೆಯೂ ಹೀಗೇ ಕಾಣುತ್ತದೆ, ಅದು ಹೃದಯಕ್ಕೇ ಕುತ್ತು. ನಾಲ್ಕು ಎಲೆ ಕಿತ್ತ ಮೇಲೆ ಕೈಯೇ ಬೆಳ್ಳುಳ್ಳಿ ನಾರುವುದರಿಂದ ಮೂಗನ್ನು ನಂಬುವ ಹಾಗಿಲ್ಲ. ಒಂದೊಂದೇ ಎಲೆ ಕಣ್ಣಿಂದ ನೋಡಿ ಕೀಳಬೇಕು. ಅನುಮಾನ ಬಂದರೆ ಅಲ್ಲೇ ಬಿಡಿ.

ಶಿವಮೊಗ್ಗ ಕಡೆಯವರಿಗೆ ಉಣುಗು ಎಂದರೆ ಮಂಗನ ಕಾಯಿಲೆ ನೆನಪಾಗುತ್ತದೆ. 1957ರಲ್ಲಿ ಕ್ಯಾಸನೂರು ಕಾಡಿನಲ್ಲಿ ಗುರುತಿಸಿದ ವೈರಸ್ ಅದು. ಬ್ರಿಟನ್ನಿನಲ್ಲಿ ಅದಿಲ್ಲ, ಆದರೆ ಅಲ್ಲಿನ ಉಣುಗಿನಿಂದ ಲೈಮ್ ಎಂಬ ಕಾಯಿಲೆ ಬರಬಹುದು. ಇದು ಬ್ಯಾಕ್ಟೀರಿಯಾದ್ದು, ಬೇಗ ಗೊತ್ತಾದರೆ ಆಂಟಿಬಯೋಟಿಕ್‌ನಿಂದ ಗುಣವಾಗುತ್ತದೆ. ಕಾಲು ಮುಚ್ಚುವ ಪ್ಯಾಂಟ್ ಹಾಕಿ. ಮನೆಗೆ ಬಂದ ಮೇಲೆ ಮೊಣಕಾಲ ಸಂದು, ತೊಡೆ ಸಂದು, ಮಕ್ಕಳ ಕೂದಲಿನ ಅಂಚು ನೋಡಿ. ಕಚ್ಚಿಕೊಂಡಿದ್ದರೆ ಚಿಮಟದಿಂದ ಚರ್ಮಕ್ಕೆ ಆದಷ್ಟು ಹತ್ತಿರ ಹಿಡಿದು ನೆಟ್ಟಗೆ ಎಳೆಯಬೇಕು. ಮುಂದಿನ ವಾರಗಳಲ್ಲಿ ಸುತ್ತ ಕೆಂಪಾಗಿ ಹರಡಿದರೆ ಡಾಕ್ಟರಿಗೆ ತೋರಿಸಿ.

## ಎಲ್ಲಿಗೆ

ಲಂಡನ್ ಸುತ್ತ ಇರುವವರಿಗೆ ಹರ್ಟ್‌ಫರ್ಡ್‌ಶೈರ್ ಅಂಚಿನ ಆಶ್‌ರಿಡ್ಜ್ ಹೆಸರಾದ ಜಾಗ. ನ್ಯಾಷನಲ್ ಟ್ರಸ್ಟ್ ಎಂಬ ಸಂರಕ್ಷಣಾ ಸಂಸ್ಥೆ ನೋಡಿಕೊಳ್ಳುತ್ತದೆ. ಅಲ್ಲಿನ ಡಾಕಿ ವುಡ್‌ಗೆ ಹೂವಿನ ಕಾಲದ ವಾರಾಂತ್ಯದಲ್ಲಿ ಶುಲ್ಕ ಇಟ್ಟಿದ್ದುಂಟು, ಹೋಗುವ ಮೊದಲು ನೋಡಿಕೊಳ್ಳಿ. ಊರೊಳಗೇ ಬೇಕಾದರೆ ಕ್ಯೂ ಗಾರ್ಡನ್ಸ್ ಒಳಗೂ ಬ್ಲೂಬೆಲ್ ನೆಲವಿದೆ. ಆದರೆ ಹೆಸರಾದ ಕಡೆಗೇ ಹೋಗಬೇಕಿಲ್ಲ. ನಿಮ್ಮ ಊರಿನ ಹೆಸರಿನ ಜೊತೆ ಏನ್ಶಿಯಂಟ್ ವುಡ್‌ಲ್ಯಾಂಡ್ ಅಂತ ಹುಡುಕಿದರೆ ಪಕ್ಕದಲ್ಲೇ ಒಂದು ಸಣ್ಣ ಕಾಡು ಸಿಗುವ ಸಾಧ್ಯತೆ ಹೆಚ್ಚು. ಜನ ಕಡಿಮೆ, ಪರಿಮಳ ಜಾಸ್ತಿ. ವಾರದ ದಿನ ಬೆಳಗ್ಗೆ ಹೋದರೆ ಇನ್ನೂ ಒಳ್ಳೆಯದು.

ಮೇ ತಪ್ಪಿಸಿಕೊಂಡವರು ಜೂನ್ ಕೊನೆಗೆ ಅದೇ ಕಾಡಿಗೆ ಹೋಗಿ ನೋಡಿ. ಚಾವಣಿ ಮುಚ್ಚಿರುತ್ತದೆ, ಜರೀಗಿಡ ಸೊಂಟದವರೆಗೆ ಬೆಳೆದಿರುತ್ತದೆ, ಬೆಳಕು ಬೀಳುವ ಕಡೆ ಫಾಕ್ಸ್‌ಗ್ಲವ್ ಎಂಬ ಹೂಗಿಡ ನಿಂತಿರುತ್ತದೆ. ಬ್ಲೂಬೆಲ್ ಎಲೆಗಳು ಹಳದಿಯಾಗಿ ನೆಲಕ್ಕೆ ಅಂಟಿರುತ್ತವೆ. ಒಣಗುತ್ತಿರುವ ದಂಟಿನ ತುದಿಯಲ್ಲಿ ಮೂರು ಹೋಳಿನ ಕಾಯಿಗಳು. ಬೆರಳಿಂದ ಮೆಲ್ಲಗೆ ತಟ್ಟಿದರೆ ಸಾಸಿವೆಯಂಥ ಕರಿ ಬೀಜಗಳು ಗೇಣು ದೂರದಲ್ಲಿ ಉದುರುತ್ತವೆ.